ರಿಯಾಕ್ಟರಿಗೆ ಹೋದ ಸುರ್ಮಾ

ನಮ್ಮ ಮನೆಯ ಮಾತು ಬ್ಯಾರಿ. ಜಗಳ ಮಾತ್ರ ಕನ್ನಡದಲ್ಲಿ. ಇದಕ್ಕೆ ನಾನೇ ಕಾರಣ. ಅರಬ್ ದೇಶದ ಈ ಜುಬೈಲಿನಲ್ಲಿ ಹುಟ್ಟಿ ಬೆಳೆದ ಮೊಮ್ಮಕ್ಕಳು ಕನ್ನಡ ಮರೆಯಬಾರದೆಂದು ಊಟದ ಮೇಜಿಗೆ ಒಂದು ರೂಲ್ ಮಾಡಿದ್ದೆ: ವಾದ ಮಾಡುವುದಿದ್ದರೆ ಕನ್ನಡದಲ್ಲಿ ಮಾಡಿ, ಇಲ್ಲದಿದ್ದರೆ ಸುಮ್ಮನೆ ತಿನ್ನಿ. ಮಂಗಳೂರಿನ ಕಾನ್ವೆಂಟಿನಲ್ಲಿ ಸಿಸ್ಟರ್‌ಗಳು ನಮಗೆ ಇಂಗ್ಲಿಷ್ ಹಚ್ಚಿದ್ದು ಇಂಥದ್ದೇ ಉಪಾಯದಿಂದ. ಅದರ ಫಲವಾಗಿ ಕಿರಿಯ ಮೊಮ್ಮಗಳಿಗೆ ಕನ್ನಡದಲ್ಲಿ ಪದ್ಯ ಒಂದೂ ಬಾರದು, ಆದರೆ ವಾದದಲ್ಲಿ ಅವಳನ್ನು ಗೆಲ್ಲುವವರಿಲ್ಲ.

ಹಾಗಾಗಿ ಸುರ್ಮಾದ ಜಗಳ ನಡೆದದ್ದೂ ಕನ್ನಡದಲ್ಲೇ.

ಹಿರಿಯ ಮೊಮ್ಮಗಳು ಚೊಚ್ಚಲ ಹೆರಿಗೆಗೆ ನಜ್ರಾನಿನಿಂದ ತವರಿಗೆ ಬಂದಿದ್ದಳು. ಗಂಡನಿಗೆ ಅಲ್ಲಿ ಕೆಲಸ. ನಜ್ರಾನೆಂದರೆ ಈ ದೇಶದ ಇನ್ನೊಂದು ತುದಿ. ಮಗು ಹುಟ್ಟುವ ಮೊದಲೇ ನಾನು ನನ್ನ ತಯಾರಿ ಶುರು ಮಾಡಿದ್ದೆ. ಅದರಲ್ಲಿ ಮುಖ್ಯವಾದದ್ದು ಸುರ್ಮಾ, ಕಣ್ಣಿಗೆ ಹಚ್ಚುವ ಕಪ್ಪು. ನಮ್ಮಲ್ಲಿ ಹೆರಿಗೆಯ ನಲವತ್ತನೇ ದಿನದ ಸ್ನಾನವಾದ ಮೇಲೆ ಮನೆಯ ಹಿರಿಯ ಹೆಂಗಸು ಮಗುವನ್ನು ಮಡಿಲಲ್ಲಿ ಮಲಗಿಸಿಕೊಂಡು ಕಣ್ಣಿಗೆ ಸುರ್ಮಾ ಎಳೆಯುತ್ತಾಳೆ. ನನ್ನ ಕಣ್ಣಿಗೆ ನನ್ನ ತಾಯಿಯ ಉಮ್ಮ ಎಳೆದಿದ್ದರು. ನನ್ನ ಮಗನಿಗೆ ನನ್ನ ತಾಯಿ, ಉಮ್ಮ, ಎಳೆದಿದ್ದರು. ಈ ಸಲ ಆ ಜಾಗದಲ್ಲಿ ಕೂರುವವಳು ನಾನು. ಮದೀನಾಕ್ಕೆ ಹೋದಾಗ ಅದಕ್ಕೆಂದೇ ಒಂದು ಕರಿ ಕಲ್ಲಿನ ತುಂಡು ತಂದಿಟ್ಟಿದ್ದೆ. ಹೊಳೆಯುವ, ತೂಕದ ಕಲ್ಲು. ಅಂಗಡಿಯವ ಅದನ್ನು ಅಂಗೈಯಲ್ಲಿ ಹೊರಳಿಸುತ್ತಾ ಇದು ಅಸಲಿ ಇಸ್ಮಿದ್, ಪ್ರವಾದಿಯವರು ಮೆಚ್ಚಿದ ಸುರ್ಮಾದ ಕಲ್ಲು ಎಂದು ನನಗೆ ಉರ್ದುವಿನಲ್ಲಿ ಆಣೆ ಹಾಕಿ ಹೇಳಿದ್ದ.

ಕಿರಿಯವಳು ಅದನ್ನು ನೋಡಿದ್ದೇ ತಡ, ಲೆಡ್ ಇರಬಹುದು ಎಂದಳು. ಸೀಸ. ಮಗುವಿನ ಮೆದುಳಿಗೆ ಅದು ವಿಷವಂತೆ. ಸುರ್ಮಾ ಅಂತ ಮಾರುವುದರಲ್ಲಿ ಎಷ್ಟೋ ಸೀಸದ ಕಲ್ಲೇ ಇರುತ್ತದಂತೆ. ನಾನು ಇದು ಸುನ್ನತ್, ಪ್ರವಾದಿಯವರು ಹಾಕಿಕೊಟ್ಟ ಪದ್ಧತಿ ಎಂದೆ. ಅವಳು ದನಿ ಏರಿಸಲಿಲ್ಲ. ನನ್ನ ಪಕ್ಕ ಬಂದು ಕೂತಳು.

“ಅದು ಇಸ್ಮಿದಿಗೆ ಹೇಳಿದ್ದಲ್ವಾ ಉಮ್ಮಮ್ಮ? ಇದು ಇಸ್ಮಿದ್ ಹೌದಾ ಅಲ್ವಾ ಅಂತ ಒಮ್ಮೆ ನೋಡುವ. ಹೌದಾದ್ರೆ ಮತ್ತೆ ಮಾತಾಡುವ.”

ನೋಡುವ ಎಂದಳು. ಆ ಒಂದು ಮಾತಿಗೆ ನನ್ನ ಕೋಪ ಅರ್ಧಕ್ಕೆ ನಿಂತಿತು. ಯಾಕೆಂದರೆ ಸುರ್ಮಾದ ವಿಷಯದಲ್ಲಿ ನನಗೆ ಮೊದಲು ಸಿಕ್ಕಿದ್ದು ಆಜ್ಞೆ. ಕಾನ್ವೆಂಟಿನ ಮೊದಲ ವರ್ಷ ಉಮ್ಮ ನನ್ನ ಕಣ್ಣಿಗೆ ಸುರ್ಮಾ ಹಚ್ಚಿ ಕಳಿಸುತ್ತಿದ್ದರು. ಅಸೆಂಬ್ಲಿಯಲ್ಲಿ ಸಿಸ್ಟರ್ ನನ್ನ ಗಲ್ಲ ಎತ್ತಿ ನೋಡಿ, “ಗೋ ಆ್ಯಂಡ್ ವಾಶ್ ಯುವರ್ ಫೇಸ್, ಚೈಲ್ಡ್” ಎನ್ನುತ್ತಿದ್ದರು. ಕಲ್ಲಿನ ಗುಹೆಯಂತೆ ಕಟ್ಟಿದ ಗ್ರೊಟ್ಟೊದ ಪಕ್ಕದ ನಲ್ಲಿಯಲ್ಲಿ ತೊಳೆದುಕೊಳ್ಳುತ್ತಿದ್ದೆ. ನೀಲಿ ಹೊದಿಕೆಯ ಮದರ್ ಮೇರಿ ಮೇಲಿಂದ ನೋಡುತ್ತಿದ್ದಳು. ಸಂಜೆ ಮನೆಗೆ ಹೋಗುವ ಮೊದಲು ಗೆಳತಿಯ ಡಬ್ಬಿಯಿಂದ ಮತ್ತೆ ಹಚ್ಚಿಕೊಳ್ಳಬೇಕು, ಉಮ್ಮನಿಗೆ ಗೊತ್ತಾಗಬಾರದು. ಆ ಸಿಸ್ಟರ್ ಕೆಟ್ಟವರಲ್ಲ. ನನಗೆ ಸೈನ್ಸ್ ರುಚಿ ಹತ್ತಿಸಿದವರೇ ಅವರು. ಆದರೆ ಯಾಕೆ ತೊಳೆಯಬೇಕು ಎಂದು ಅವರು ಒಂದು ದಿನವೂ ಹೇಳಲಿಲ್ಲ, ಕೇಳುವ ಧೈರ್ಯ ನನಗೂ ಇರಲಿಲ್ಲ.

ಮೊಮ್ಮಗಳು ಇಲ್ಲಿಂದ ಒಂದು ಗಂಟೆಯ ದಾರಿಯ ವಿಶ್ವವಿದ್ಯಾಲಯದಲ್ಲಿ ಫಿಸಿಕ್ಸ್ ಓದುತ್ತಾಳೆ. ಹೊರದೇಶದವರ ಮಗಳಿಗೆ ಅಲ್ಲಿ ಸೀಟು ಸಿಕ್ಕಿದ ದಿನ ನನ್ನ ಮಗ ತಾನು ಕೆಲಸ ಮಾಡುವ ಪ್ಲಾಂಟಿನ ಬಸ್ಸಿನಲ್ಲಿ ಎಲ್ಲರಿಗೂ ಸ್ವೀಟ್ಸ್ ಹಂಚಿದ್ದ. ಅವಳ ಕ್ಲಾಸಿಗೆ ಆ ವರ್ಷ ಒಂದು ಹೊಸ ಪಾಠ ಬಂದಿತ್ತು. ಬೇರೆ ದೇಶದ ಒಂದು ವಿಶ್ವವಿದ್ಯಾಲಯದಲ್ಲಿ ಪರಮಾಣು ರಿಯಾಕ್ಟರ್ ಇದೆ, ವಿದ್ಯಾರ್ಥಿಗಳಿಗೋಸ್ಕರವೇ. ಅದರ ಕಂಟ್ರೋಲ್ ರೂಮ್ ಇಂಟರ್‌ನೆಟ್ ಮೂಲಕ ಇವರ ಲ್ಯಾಬಿನ ಗೋಡೆಯ ಮೇಲೆ ಬರುತ್ತದೆ. ಅಲ್ಲಿನವರು ನಡೆಸುತ್ತಾರೆ, ಇಲ್ಲಿನ ಹುಡುಗಿಯರು ಕೇಳುತ್ತಾರೆ, ಲೆಕ್ಕ ಮಾಡುತ್ತಾರೆ.

ರಿಯಾಕ್ಟರ್ ಎಂದಾಗ ನಾನು ಸ್ವಲ್ಪ ಹೆದರಿದೆ, ಸುಳ್ಳು ಹೇಳುವುದಿಲ್ಲ. ನಮ್ಮ ತಲೆಮಾರಿಗೆ ಆ ಪದದ ಹಿಂದೆ ಬಾಂಬು ಬರುತ್ತದೆ. ಇವಳು ನಕ್ಕು, ಒಂದು ಶುಕ್ರವಾರ ಊಟವಾದ ಮೇಲೆ ಕ್ಲಾಸಿನ ರೆಕಾರ್ಡಿಂಗನ್ನು ಟೀವಿಗೆ ಹಾಕಿದಳು. ಬಸುರಿ ಅಕ್ಕ ಸೋಫಾದ ಮೇಲೆ ಕಾಲು ಚಾಚಿದ್ದಳು; ನಾನು ಸುಲೈಮಾನಿ ಚಹಾ ಹಿಡಿದು ಕೂತೆ.

ನಾನು ದೊಡ್ಡ ಚಿಮಣಿ, ಹೊಗೆ ಅಂದುಕೊಂಡಿದ್ದೆ. ಕಂಡದ್ದು ಒಂದು ಬಾವಿ. ತಿಳಿನೀರಿನ ಆಳವಾದ ಬಾವಿ, ತಳದಲ್ಲಿ ಕೋಲುಗಳ ಕಟ್ಟು. ಮೇಲೆ ಕಟಕಟೆಗೆ ಒರಗಿ ಹುಡುಗರು ಇಣುಕುತ್ತಿದ್ದಾರೆ. ಅಲ್ಲಿನ ಮೇಷ್ಟ್ರು ರಿಯಾಕ್ಟರನ್ನು ಹತೋಟಿಯಲ್ಲಿಡುವ ತಡೆಕೋಲೊಂದನ್ನು ನಿಧಾನವಾಗಿ ಎತ್ತಿಸಿದರು. ಪರದೆಯಲ್ಲಿ ಅದರ ಶಕ್ತಿ ತೋರಿಸುವ ಗೆರೆ ಏರತೊಡಗಿತು. ಅವರು ಅಲ್ಲಿಗೇ ನಿಲ್ಲಿಸಿ, ಈಗ ಎಲ್ಲಿಗೆ ಹೋಗಿ ನಿಲ್ಲುತ್ತದೆ ಹೇಳಿ ಎಂದು ಇಲ್ಲಿನ ಹುಡುಗಿಯರನ್ನು ಕೇಳಿದರು. ನನ್ನ ಮೊಮ್ಮಗಳ ದನಿ ಕೇಳಿಸಿತು. ಉತ್ತರ ತಪ್ಪು. ಮೇಷ್ಟ್ರು ಒಂದೂ ಗದರದೆ ಮತ್ತೊಮ್ಮೆ ಕೋಲು ಎತ್ತಿಸಿದರು. ಎರಡನೇ ಸಲ ಸರಿಯಾಯಿತು.

ಆಮೇಲೆ ದೀಪ ಆರಿಸಿದರು. ಬಾವಿಯ ತಳದಿಂದ ಒಂದು ನೀಲಿ ಬೆಳಕು ಎದ್ದು ನಿಂತಿತು. ಶಬ್ದವಿಲ್ಲ, ಹೊಗೆಯಿಲ್ಲ. ಕಾನ್ವೆಂಟಿನ ಚಾಪೆಲ್ ಕಿಟಕಿಯ ಗಾಜಿನಲ್ಲಿ ಆ ನೀಲಿ ನೋಡಿದ್ದೆ, ಮಧ್ಯಾಹ್ನದ ಬಿಸಿಲು ಅದರೊಳಗಿಂದ ಬರುವಾಗ. ಮತ್ತೆ ಎಲ್ಲಿಯೂ ಕಂಡಿರಲಿಲ್ಲ. ನನ್ನ ಸುಲೈಮಾನಿ ತಣ್ಣಗಾಯಿತು.

ಇದರಿಂದ ಕರೆಂಟು ಮಾಡುತ್ತಾರಾ ಎಂದು ಕೇಳಿದೆ. ಇಲ್ಲ, ಇದು ಕರೆಂಟಿಗಲ್ಲ, ನ್ಯೂಟ್ರಾನಿಗೆ ಎಂದಳು. ನ್ಯೂಟ್ರಾನೆಂಬ ಕಣಗಳು ಅಲ್ಲಿ ಧಾರಾಳ. ಯಾವುದೇ ವಸ್ತುವಿನ ಚಿಟಿಕೆಯನ್ನು ಪ್ಲಾಸ್ಟಿಕ್ ಕುಪ್ಪಿಯಲ್ಲಿ ಹಾಕಿ ಅದರ ಹತ್ತಿರ ಇಟ್ಟು ತೆಗೆದರೆ, ಒಳಗಿನ ಒಂದೊಂದು ಧಾತುವೂ ಸ್ವಲ್ಪ ಕಾಲ ತನ್ನದೇ ಕಿರಣ ಬಿಡುತ್ತದೆ. ಅದನ್ನು ಯಂತ್ರ ಗುರುತು ಹಿಡಿಯುತ್ತದೆ. ಹಳೆಯ ಮಡಕೆಯ ಮಣ್ಣು ಎಲ್ಲಿಯದು, ಹೊಲದ ಮಣ್ಣಿನಲ್ಲಿ ಏನಿದೆ ಎಂದೆಲ್ಲ ನೋಡುವುದು ಹೀಗೆಯೇ.

ನನಗೆ ಅರ್ಥವಾದದ್ದು ನನ್ನದೇ ರೀತಿಯಲ್ಲಿ. ನಮ್ಮ ಸಿಸ್ಟರ್ ತಲೆ ಎತ್ತದೆ ಹಾಜರಿ ಕರೆಯುತ್ತಿದ್ದರು. “ಪ್ರೆಸೆಂಟ್, ಸಿಸ್ಟರ್” ಎಂಬ ದನಿಯಲ್ಲೇ ಯಾರು ಎಂದು ಅವರಿಗೆ ಗೊತ್ತು. ಒಬ್ಬಳ ಬದಲಿಗೆ ಇನ್ನೊಬ್ಬಳು ಕೂಗಿದರೆ ತಕ್ಷಣ ಸಿಕ್ಕಿಬೀಳುತ್ತಿದ್ದಳು. ಹಾಗೆಯೇ ಇದು ಎಂದೆ. ಮೊಮ್ಮಗಳು ಖುಷಿಯಾಗಿ, ಎಕ್ಸಾಕ್ಟ್ಲಿ ಉಮ್ಮಮ್ಮ, ಆದರೆ ಸೀಸ ಮಾತ್ರ ಮೂಗಿ ಎಂದಳು. ಅದು ಈ ಹಾಜರಿಗೆ ಸರಿಯಾಗಿ ಉತ್ತರಿಸುವುದಿಲ್ಲವಂತೆ. ಅದಕ್ಕೆ ಅವಳ ಲ್ಯಾಬಿನ ಎಕ್ಸ್-ರೇ ಯಂತ್ರವೇ ಬೇಕು. ಆದರೆ ಇಸ್ಮಿದ್ ಅಂದರೆ ಆ್ಯಂಟಿಮನಿ. ಅದರ ದನಿ ರಿಯಾಕ್ಟರಿನಲ್ಲಿ ತುಂಬಾ ಜೋರು. ಅಸಲಿ ಇಸ್ಮಿದ್ ಆಗಿದ್ದರೆ ಕೂಗಿಯೇ ಕೂಗುತ್ತದೆ.

ಕ್ಲಾಸಿನ ಒಂದೊಂದು ಗುಂಪಿಗೂ ಮನೆಯಿಂದ ಒಂದು ವಸ್ತು ತಂದು ಆ ರಿಯಾಕ್ಟರಿಗೆ ಕಳಿಸಲು ಪ್ರೊಫೆಸರ್ ಹೇಳಿದ್ದರು. ಉನೈಜಾ ಊರಿನ ಹುಡುಗಿಯೊಬ್ಬಳು ಅಜ್ಜನ ಖರ್ಜೂರದ ತೋಟದ ಮಣ್ಣು ತಂದಳಂತೆ. ಇನ್ನೊಬ್ಬಳು ಬಖೂರ್ ಧೂಪದ ಬೂದಿ. ನನ್ನ ಮೊಮ್ಮಗಳದ್ದು ಸುರ್ಮಾ.

ನನ್ನದೇ ಮನಸ್ಸಿನಿಂದ ಒಪ್ಪಿಕೊಟ್ಟೆ. ಅಂಗಡಿಯವ ಆಣೆ ಹಾಕಿದ್ದಾನೆ, ನನಗೇನು ಭಯ? ಹೌದಾದರೆ ನಲವತ್ತಕ್ಕೆ ನಾನು ಸುರ್ಮಾ ಎಳೆಯುತ್ತೇನೆ, ಅಲ್ಲವಾದರೆ ಇಲ್ಲ. ಹಿರಿಯವಳು ಹೊಟ್ಟೆಯ ಮೇಲೆ ಕೈ ಇಟ್ಟುಕೊಂಡು ಇಬ್ಬರನ್ನೂ ನೋಡಿದಳು. ನೀವಿಬ್ಬರೂ ಏನು ಹೇಳುತ್ತೀರೋ ಅದೇ, ನನಗೆ ಮಗುವಿನ ಕಣ್ಣು ಮುಖ್ಯ ಎಂದಳು.

ಮರುದಿನ ಬೆಳಿಗ್ಗೆ ಕಿರಿಯವಳು ಯೂನಿವರ್ಸಿಟಿಗೆ ಹೋದ ಮೇಲೆ ನಾನು ಆ ಕರಿ ಕಲ್ಲನ್ನು ಕೈಗೆತ್ತಿಕೊಂಡೆ. ಬೇರೆ ದೇಶಕ್ಕೆ ಹೋಗುವ ವಸ್ತು. ಅಲ್ಲಿನ ವಿದ್ವಾಂಸರ ಮುಂದೆ ಕಲ್ಲುಕಲ್ಲಾಗಿ ಹೋಗಿ ಬಿದ್ದರೆ ನಮ್ಮ ಮನೆಯ ಮರ್ಯಾದೆ ಏನಾಗಬೇಕು? ಉಮ್ಮ ಮಾಡುತ್ತಿದ್ದ ಹಾಗೆಯೇ ಪ್ರಾಪರ್ಲಿ ಮಾಡಿದೆ. ತುಂಡನ್ನು ಕುಟ್ಟಿ, ಪನ್ನೀರು ಹನಿಸಿ, ಕಲ್ಲಿನ ಮೇಲೆ ಅರೆದೆ, ನೆರಳಲ್ಲಿ ಒಣಗಿಸಿ, ಮಲ್ ಬಟ್ಟೆಯಲ್ಲಿ ಸೋಸಿದೆ. ಬೆರಳಿಗೆ ರೇಷ್ಮೆಯ ಹಾಗೆ ಹತ್ತುವ ಪುಡಿ. ಪುಟ್ಟ ಡಬ್ಬಿಯಲ್ಲಿ ತುಂಬಿ ಅವಳ ಮೇಜಿನ ಮೇಲಿಟ್ಟೆ. ಅಂಗಡಿಯಿಂದಲೇ ಪುಡಿಯೂ ಬಂದಿತ್ತು ಎಂದು ಅವಳು ತಿಳಿದುಕೊಂಡಳು. ನಾನೂ ಏನೂ ಹೇಳಲಿಲ್ಲ. ಹೇಳುವಂಥದ್ದು ಏನಾದರೂ ಇದೆ ಎಂದೇ ಹೊಳೆದಿರಲಿಲ್ಲ.

ಮಗು ಹುಟ್ಟಿತು. ಗಂಡು. ಕಣ್ಣು ಬಿಟ್ಟು ಎಲ್ಲರನ್ನೂ ಅನುಮಾನದಿಂದ ನೋಡುವ ಮಗು. ಅವನ ಬಾಣಂತನದ ಗಡಿಬಿಡಿಯಲ್ಲಿ ರಿಯಾಕ್ಟರ್ ನನಗೆ ಮರೆತೇ ಹೋಗಿತ್ತು.

ನಮ್ಮ ಕಡೆ ಎಳೆಮಗುವಿಗೆ ಬಜೆ ಮತ್ತು ಚಿನ್ನ ತೇದು ನೆಕ್ಕಿಸುವ ಪದ್ಧತಿ ಇದೆ. ಬಜೆಯ ಬೇರನ್ನೂ ಚಿನ್ನದ ಉಂಗುರವನ್ನೂ ಕಲ್ಲಿನ ಮೇಲೆ ಒಂದೆರಡು ಸುತ್ತು ತಿಕ್ಕಿ, ಬೆರಳ ತುದಿಯಲ್ಲಿ ಒಂದು ಗುಟುಕು. ಅದಕ್ಕೆಂದೇ ಇರುವ ಕಲ್ಲನ್ನು ಮಗುವಿನ ಕಲ್ಲು ಎನ್ನುತ್ತೇವೆ. ಮಗುವಿಗೆ ಸಂಬಂಧಪಟ್ಟದ್ದನ್ನು ಬಿಟ್ಟು ಬೇರೇನನ್ನೂ ಅದರ ಮೇಲೆ ಅರೆಯುವಂತಿಲ್ಲ, ಸೋಪು ತಾಗಿಸುವಂತಿಲ್ಲ. ನನ್ನದು ಉಮ್ಮ ಕೊಟ್ಟದ್ದು. ಮೊದಲ ಸಲ ಈ ದೇಶಕ್ಕೆ ಬರುವಾಗ ಸೀರೆಗಳ ನಡುವೆ ಸುತ್ತಿಕೊಂಡು ತಂದಿದ್ದೆ. ಮಧ್ಯದಲ್ಲಿ ಸವೆದು ಬಟ್ಟಲಿನಂತಾಗಿದೆ. ನನ್ನ ಮಕ್ಕಳು, ಮೊಮ್ಮಕ್ಕಳು, ಈ ಕಟ್ಟಡದಲ್ಲಿ ಹುಟ್ಟಿದ ಯಾರು ಯಾರದೋ ಮಕ್ಕಳು, ಎಲ್ಲರಿಗೂ ಅದರಲ್ಲೇ ತೇದಿದ್ದೇನೆ.

ಆ ಬೆಳಿಗ್ಗೆ ಅಡಿಗೆಮನೆಯಲ್ಲಿ ಕೂತು ತೇಯುತ್ತಿದ್ದೆ. ಕಿರಿಯವಳು ಲ್ಯಾಪ್‌ಟಾಪ್ ಎದೆಗೆ ಒತ್ತಿಕೊಂಡು ಬಾಗಿಲಲ್ಲಿ ನಿಂತಳು. ಮುಖ ಸಪ್ಪೆ.

ಫಲಿತಾಂಶ ಬಂದಿದೆ ಎಂದಳು. ಆ್ಯಂಟಿಮನಿ ಇಲ್ಲವೆನ್ನುವಷ್ಟು ಕಡಿಮೆ. ಅದು ಇಸ್ಮಿದ್ ಅಲ್ಲ.

ನನಗೆ ಎಲ್ಲಿ ಚುಚ್ಚಿತೋ ಗೊತ್ತಿಲ್ಲ. ಯಂತ್ರಕ್ಕೆ ತಪ್ಪಾಗಿರಬಾರದಾ ಎಂದೆ. ಅವಳ ಸಂಕಟವೂ ಅದೇ. ತಪ್ಪು ಇರುವ ಹಾಗೇ ಕಾಣುತ್ತದೆ, ಅಲ್ಲಿನ ಮೇಷ್ಟ್ರು ಒಂದು ಪ್ರಶ್ನೆ ಕಳಿಸಿದ್ದಾರೆ, ಗುಂಪಿನವರೆಲ್ಲ ನನ್ನನ್ನೇ ನೋಡುತ್ತಿದ್ದಾರೆ ಎಂದಳು.

“ಎಂತ ಪ್ರಶ್ನೆ?”

“ಅದ್ರಲ್ಲಿ ಗೋಲ್ಡ್ ಉಂಟಂತೆ ಉಮ್ಮಮ್ಮ. ಚಿನ್ನ. ಸುರ್ಮಾದ ಕಲ್ಲಲ್ಲಿ ಅಷ್ಟು ಬರ್ಲಿಕ್ಕೇ ಇಲ್ಲ ಅಂತಾರೆ. ಲ್ಯಾಬಲ್ಲಿ ಉಂಗುರ ಹಾಕಿದ್ಯಾ ಅಂತ ಪ್ರೊಫೆಸರ್ ಕೇಳಿದ್ರು. ನಾನು ಹಾಕ್ಲಿಲ್ಲ. ಗ್ಲೌಸ್ ಕೂಡ ಹಾಕಿದ್ದೆ. ಅಲ್ಲಿಯ ಸರ್ ತಮಾಷೆ ಮಾಡ್ತಾರೆ, ನಿನ್ನ ಅಜ್ಜಿಗೆ ಗಣಿ ಸಿಕ್ಕಿದ್ಯಾ ಅಂತ.”

ನನ್ನ ಕೈ ಕಲ್ಲಿನ ಮೇಲೆ ನಿಂತಿತು. ಬೆರಳ ನಡುವೆ ಉಂಗುರ. ಅದರ ಕೆಳಗೆ ಆ ಸವೆದ ಬಟ್ಟಲು.

ಅವಳೂ ನೋಡಿದಳು. ಉಂಗುರ ನೋಡಿದಳು, ಕಲ್ಲು ನೋಡಿದಳು, ಆಮೇಲೆ ನನ್ನ ಮುಖ.

“ಉಮ್ಮಮ್ಮ, ಆ ಸುರ್ಮಾ ನೀವು ಇದ್ರಲ್ಲಿ ಅರೆದ್ರಾ?”

“ಮತ್ತೆ ಮಿಕ್ಸಿಯಲ್ಲಿ ಅರೀಬೇಕಿತ್ತಾ? ಮಗುವಿನ ಸುರ್ಮಾ ಮಗುವಿನ ಕಲ್ಲಲ್ಲೇ ಅರೆಯುದು.”

ಅವಳು ನೆಲದ ಮೇಲೆ ಕೂತುಬಿಟ್ಟಳು. ಅಳುತ್ತಾಳೆ ಎಂದುಕೊಂಡೆ. ನಗುತ್ತಿದ್ದಳು, ಕಣ್ಣಲ್ಲಿ ನೀರು ಬರುವಷ್ಟು. ಒಳಗಿನಿಂದ ಬಾಣಂತಿ, ಮಗು ಈಗಷ್ಟೇ ಮಲಗಿದೆ, ಎಂತ ನಗುವುದು ಮಾರಾಯ್ತಿ, ಎಂದು ಗದರಿದಳು.

ನನಗೆ ನಗು ಬರಲಿಲ್ಲ. ಕಲ್ಲನ್ನು ಕಿಟಕಿಯ ಬೆಳಕಿಗೆ ಹಿಡಿದು ನೋಡಿದೆ. ತಿರುಗಿಸಿ ನೋಡಿದೆ. ಕಪ್ಪು ಕಲ್ಲು, ಬಜೆಯ ಹಳದಿ ಕಲೆ. ಚಿನ್ನದ ಒಂದು ಕಣವೂ ನನ್ನ ಕಣ್ಣಿಗೆ ಕಾಣಲಿಲ್ಲ. ಕನ್ನಡಕ ಹಾಕಿಕೊಂಡರೂ ಇಲ್ಲ. ಆದರೆ ಅದು ಅಲ್ಲಿತ್ತು. ನನ್ನ ಮಗನಿಗೆ ತೇದದ್ದು, ಅವನಿಗಿಂತ ಮೊದಲು ನನಗೇ ಉಮ್ಮ ತೇದದ್ದು, ಅದರದ್ದೊಂದು ಅಂಶ ಕಲ್ಲಿನ ಸಂದಿನಲ್ಲಿ ಕೂತಿತ್ತು. ಸುರ್ಮಾದ ಜೊತೆ ಎದ್ದು, ಕುಪ್ಪಿಯೊಳಗೆ ಸೇರಿ, ಸಮುದ್ರ ದಾಟಿ, ಆ ನೀಲಿ ಬಾವಿಗೆ ಇಳಿದಿತ್ತು. ಅಲ್ಲಿ ಹಾಜರಿ ಕರೆದಾಗ ಪ್ರೆಸೆಂಟ್ ಎಂದಿತ್ತು. ನನ್ನ ಉಮ್ಮನ ಉಂಗುರ ಈಗ ಯಾರ ಬೆರಳಿನಲ್ಲೂ ಇಲ್ಲ. ಅವರು ತೀರಿಕೊಂಡು ಎಷ್ಟೋ ಕಾಲವಾಯಿತು.

ಇಷ್ಟನ್ನು ಕಂಡ ಕಣ್ಣು ಆ ರಿಯಾಕ್ಟರಿನದು. ನನ್ನ ಮನೆಯ ಗುಟ್ಟನ್ನು, ಯಾರೂ ಹೇಳಿಕೊಡದೆ, ಕಂಡುಹಿಡಿದಿದೆ. ಹಾಗಿರುವಾಗ ಆ್ಯಂಟಿಮನಿ ಇಲ್ಲ ಎಂದು ಅದು ಹೇಳಿದ್ದನ್ನು ನಾನು ಯಾವ ಬಾಯಿಯಲ್ಲಿ ಸುಳ್ಳು ಎನ್ನಲಿ?

ಹಾಗಾದರೆ ಆ ಕಪ್ಪು ಏನು ಎಂದು ನಾನೇ ಕೇಳಿದೆ. ಅವಳು ನಗು ನಿಲ್ಲಿಸಿದಳು. ಎಕ್ಸ್-ರೇ ಯಂತ್ರದ ಫಲಿತಾಂಶ ಮೊದಲೇ ಅವಳ ಹತ್ತಿರ ಇತ್ತಂತೆ. ಆದರೆ ರಿಯಾಕ್ಟರಿನ ಉತ್ತರ ಬರುವವರೆಗೆ ನನಗೆ ಹೇಳುವುದಿಲ್ಲ ಎಂದು ತಡೆದಿದ್ದಳು, ರಿಯಾಕ್ಟರ್ ಹೇಳಿದಂತೆ ಎಂದು ನಾವು ಒಪ್ಪಿಕೊಂಡಿದ್ದೆವಲ್ಲ ಎಂದು. ಸೀಸ, ಎಂದಳು. ಹೆಚ್ಚುಕಡಿಮೆ ಎಲ್ಲವೂ ಸೀಸದ ಅದಿರೇ. ಮತ್ತೆ ಮೆಲ್ಲಗೆ, ಅಸಲಿ ಇಸ್ಮಿದ್ ಆಗಿದ್ದರೂ ಇಷ್ಟು ಎಳೆಯ ಮಗುವಿನ ಕಣ್ಣಿಗೆ ಬೇಡ ಎಂದೇ ಡಾಕ್ಟರುಗಳು ಹೇಳುತ್ತಾರೆ ಉಮ್ಮಮ್ಮ, ಎಂದಳು. ಕಲ್ಲಿನ ಕಡೆ ಒಮ್ಮೆ ಕಣ್ಣು ಹಾಯಿಸಿ, ಈ ಬಜೆ ಮತ್ತು ಚಿನ್ನವೂ ಕೂಡ, ಎಂದು ಶುರು ಮಾಡಿದಳು. ಚಿನ್ನದ ಹಾಗೆಯೇ, ಅರೆದ ಸುರ್ಮಾವನ್ನೂ ಈ ಕಲ್ಲು ನೆನಪಿಟ್ಟುಕೊಂಡಿರುತ್ತದಲ್ಲ ಎಂದಳು.

“ಒಂದೊಂದೇ ಹೇಳು ಮಾರಾಯ್ತಿ,” ಎಂದೆ. “ನಂಗೂ ಪ್ರಾಯ ಆಯ್ತು.”

ಆದರೆ ಅವಳು ಹೇಳಿದ ಕೊನೆಯ ಮಾತು ತಲೆಯಲ್ಲಿ ಕೂತಿತು. ಚಿನ್ನ ಉಳಿದಿದ್ದರೆ ಸೀಸವೂ ಉಳಿದಿರುತ್ತದೆ. ಬೆರಳ ತುದಿಯಲ್ಲಿದ್ದ ಗುಟುಕನ್ನು ನಲ್ಲಿಯ ಕೆಳಗೆ ತೊಳೆದೆ. ಆವತ್ತು ಮಾತ್ರ ಯಾಕೆ ತೊಳೆಯುತ್ತಿದ್ದೇನೆ ಎಂದು ನನಗೆ ಗೊತ್ತಿತ್ತು. ಮಗುವನ್ನು ಡಾಕ್ಟರಿಗೆ ತೋರಿಸಿ, ಅರೆದದ್ದು, ನೆಕ್ಕಿಸಿದ್ದು ಎಲ್ಲವನ್ನೂ ನಾನೇ ಹೇಳಿದೆ. ಅವರು ರಕ್ತ ತೆಗೆಸಿ ನೋಡಿ, ಚಿಂತೆ ಮಾಡುವಂಥದ್ದು ಏನೂ ಇಲ್ಲ, ಇನ್ನು ಹಾಲಲ್ಲದೆ ಬೇರೇನೂ ಬೇಡ ಎಂದರು. ಯೆಸ್ ಡಾಕ್ಟರ್ ಎಂದೆ, ಕಾನ್ವೆಂಟಿನ ಹುಡುಗಿಯ ಹಾಗೆ.

ಮೊಮ್ಮಗಳು ಕಲ್ಲನ್ನು ಪ್ಲಾಸ್ಟಿಕ್ಕಿನಲ್ಲಿ ಸುತ್ತಿ ಕ್ಲಾಸಿಗೆ ಒಯ್ದಳು. ಮಾದರಿಯೊಂದು ಹೇಗೆ ಕಲಬೆರಕೆಯಾಗುತ್ತದೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಪಾಠ ನನ್ನ ಹತ್ತಿರ ಇಲ್ಲ ಎಂದು ಪ್ರೊಫೆಸರ್ ಹೇಳಿದರಂತೆ. ಕಡಲಾಚೆಯ ಮೇಷ್ಟ್ರು ಕ್ಯಾಮೆರಾದಲ್ಲಿ ಅದನ್ನು ಹತ್ತಿರ ತರಿಸಿ ನೋಡಿದರಂತೆ. ಉನೈಜಾದ ಹುಡುಗಿ ಮಾತ್ರ ಬಹಳ ಹೊತ್ತು ಅದನ್ನೇ ನೋಡುತ್ತಾ ಕೂತಿದ್ದು, ತನ್ನ ಅಜ್ಜಿಯ ಬಳಿಯೂ ಕುಹಲ್ ಅರೆಯುವ ಇಂಥದ್ದೇ ಕಲ್ಲಿದೆ ಎಂದಳಂತೆ. ಅವರು ಸುರ್ಮಾಕ್ಕೆ ಕುಹಲ್ ಎನ್ನುತ್ತಾರೆ. ರಿಯಾದಿನಲ್ಲಿ ಕಲಿಕೆ, ಸಂಶೋಧನೆಗೆಂದೇ ಒಂದು ಪುಟ್ಟ ರಿಯಾಕ್ಟರ್ ಕಟ್ಟುತ್ತಿದ್ದಾರೆ, ಅದು ನಡೆಯಲು ಶುರುವಾದರೆ ಕುಪ್ಪಿಗಳನ್ನು ಸಮುದ್ರ ದಾಟಿಸಬೇಕಿಲ್ಲ ಎಂದು ಪ್ರೊಫೆಸರ್ ಹೇಳಿದ್ದಾರೆ. ಅಷ್ಟರಲ್ಲಿ ನನ್ನ ಮೊಮ್ಮಗಳು ಎಲ್ಲಿರುತ್ತಾಳೋ. ಆ ಬಾವಿಯ ಕಟಕಟೆಗೆ ಒರಗಿ ಇಣುಕುವ ಆಸೆ ಅವಳಿಗೆ ಇದೆ. ನನಗೂ ಇದೆ, ಯಾರಿಗೂ ಹೇಳಿಲ್ಲ.

ನಲವತ್ತರ ದಿನ ಬಂತು. ಮಗುವಿಗೆ ಮೀಯಿಸಿ, ಬಿಳಿ ಜುಬ್ಬ ತೊಡಿಸಿ, ನನ್ನ ಮಡಿಲಲ್ಲಿ ಮಲಗಿಸಿದರು. ಕಟ್ಟಡದ ಹೆಂಗಸರೆಲ್ಲ ಸೇರಿದ್ದರು. ತಾಯಿ ನನ್ನನ್ನೇ ನೋಡುತ್ತಿದ್ದಳು. ನನ್ನ ಪಕ್ಕದಲ್ಲಿ ಸುರ್ಮಾ ಇಡುವ ಡಬ್ಬಿ, ಸುರ್ಮಾದಾನಿ, ಇರಲಿಲ್ಲ.

ಮೇಲಿನ ಮನೆಯ ಭಟ್ಕಳದ ಹೆಂಗಸು ಅದನ್ನು ಮೊದಲು ಗಮನಿಸಿದಳು. ನನ್ನ ಪ್ರಾಯದವಳೇ, ನನ್ನಷ್ಟೇ ಹಳಬಳು ಈ ಊರಿಗೆ. ಬಾಯಿ ಸುಮ್ಮನಿರುವುದಿಲ್ಲ.

“ಎಂತ ಟೀಚರ್, ಸುರ್ಮಾ ಎಲ್ಲಿ? ಊರವರ ಮಕ್ಕಳಿಗೆಲ್ಲ ಎಳೆದು ಎಳೆದು ಸ್ವಂತ ಮರಿಮಗನಿಗೆ ಬರುವಾಗ ಖಾಲಿಯಾಯ್ತಾ?”

“ಇಲ್ಲ,” ಎಂದೆ. “ಈ ಸಲ ರಿಯಾಕ್ಟರಿನ ಕಣ್ಣಿಗೆ ಹಚ್ಚಿದೆ.”

ಎಲ್ಲರೂ ನಕ್ಕರು. ಆಮೇಲೆ ನಾನು ಕೂತಲ್ಲಿಂದಲೇ ಇಡೀ ಕಥೆ ಹೇಳಿದೆ: ಬಾವಿ, ನೀಲಿ ಬೆಳಕು, ಹಾಜರಿ, ಉಂಗುರ. ಎಷ್ಟೋ ವರ್ಷ ಇಂಡಿಯನ್ ಸ್ಕೂಲಿನಲ್ಲಿ ಸೈನ್ಸ್ ಕಲಿಸಿದವಳು. ಅಷ್ಟು ಸೈಲೆಂಟಾಗಿ ಯಾವ ಕ್ಲಾಸೂ ನನ್ನ ಪಾಠ ಕೇಳಿರಲಿಲ್ಲ. ಮಗು ಮಡಿಲಲ್ಲಿ ಮಲಗಿ ಟ್ಯೂಬ್‌ಲೈಟ್ ನೋಡುತ್ತಿತ್ತು. ಬರಿಗಣ್ಣು. ತೊಳೆದ ಹಾಗೆ ತಿಳಿಯಾಗಿತ್ತು. ಅವನ ಹುಬ್ಬಿನ ಮೇಲೆ ಬೆರಳಿಟ್ಟು, ಉಮ್ಮ ಹೇಳುತ್ತಿದ್ದ ದುವಾ ಹೇಳಿದೆ. ಅದಕ್ಕೆ ಯಾವ ಪುಡಿಯೂ ಬೇಕಾಗಲಿಲ್ಲ. ಮಗುವಿನ ತಾಯಿ ನಿರಾಳವಾಗಿ ಉಸಿರು ಬಿಟ್ಟದ್ದು ನನಗೆ ಕೇಳಿಸಿತು.

ಭಟ್ಕಳದವಳು ಬಿರಿಯಾನಿ ಉಂಡು ಹೋದಳು. ಮರುದಿನ ಬೆಳಿಗ್ಗೆ ಬೆಲ್ ಬಾರಿಸಿದಳು. ಸೆರಗಿನ ಅಡಿಯಿಂದ ಒಂದು ಹಿತ್ತಾಳೆಯ ಸುರ್ಮಾದಾನಿ ತೆಗೆದಳು. ಅವಳ ಸೊಸೆಗೂ ಈಗ ದಿನ ತುಂಬುತ್ತಿದೆ.

“ಇದನ್ನೂ ಒಮ್ಮೆ ನೋಡ್ಲಿಕ್ಕೆ ಹೇಳಿ ನಿಮ್ಮ ಹುಡುಗಿ ಹತ್ರ. ನಂದು ಅಸಲಿ, ನಂಗೆ ಗೊತ್ತುಂಟು. ಆದ್ರೂ.”

ವಾರ ಕಳೆಯುವಷ್ಟರಲ್ಲಿ ನಮ್ಮ ಊಟದ ಮೇಜಿನ ಮೇಲೆ ಪೊಟ್ಟಣ, ಡಬ್ಬಿ, ಒಂದು ಹಳೆಯ ಬೆಳ್ಳಿಯ ಭರಣಿ ಎಲ್ಲ ಬಂದು ಕೂತವು. ಮೊಮ್ಮಗಳು ತನ್ನ ಮುಂದಿನ ಪ್ರಾಜೆಕ್ಟ್ ಸಿಕ್ಕಿತು ಎಂದಳು. ಅಪ್ಪನ ಕಾಲದ ಇಂಕ್ ಪೆನ್ನಿನಲ್ಲಿ ನಾನು ಒಂದೊಂದಕ್ಕೂ ಚೀಟಿ ಬರೆದೆ, ಸಿಸ್ಟರ್ ಮೆಚ್ಚುವಂಥ ದುಂಡು ಅಕ್ಷರದಲ್ಲಿ. ಅವಳು ಗ್ಲೌಸ್ ಹಾಕಿ ಒಂದೊಂದೇ ಚಿಟಿಕೆಯನ್ನು ಕುಪ್ಪಿಗೆ ತುಂಬಿದಳು. ನಾನು ಪಕ್ಕದ ಕುರ್ಚಿಯಲ್ಲಿ ಎರಡೂ ಕೈಗಳನ್ನು ಮಡಿಲಲ್ಲಿ ಕಟ್ಟಿಕೊಂಡು ಕೂತಿದ್ದೆ. ಒಂದು ಡಬ್ಬಿಯಲ್ಲಿದ್ದ ಸುರ್ಮಾ ತೀರಾ ತರಿತರಿ. ಒಂದು ಸುತ್ತು ಅರೆದಿದ್ದರೆ ಎಷ್ಟು ಚೆಂದವಾಗುತ್ತಿತ್ತು ಅನ್ನಿಸಿತು. ಬಾಯಿ ಬಿಡಲಿಲ್ಲ.